ಹಿತ್ತಿಲ ಗೆಡ್ಡೆಯೂ ಕಾಯಕದ ಫಲವೂ

ಫಲವನ್ನು ಬಯಸದೆ ದುಡಿಯಬೇಕೆಂಬ ಮಾತು ನಮ್ಮ ಮನೆಗಳಲ್ಲಿ ಆಗಾಗ ಕೇಳಿಬರುತ್ತದೆ. ಮಾತೇನೋ ಹಿರಿದು. ಆದರೆ ಎಷ್ಟೋ ಸಲ ಅದು ನಮಗೆ ನೆನಪಾಗುವುದು ಕೆಲಸ ಕೆಟ್ಟ ಮೇಲೆ. ದುಡಿಮೆ ಕೈಗೂಡದಿದ್ದಾಗ “ಫಲವು ನಮ್ಮ ಕೈಯಲ್ಲಿಲ್ಲ” ಎಂದು ನಿಟ್ಟುಸಿರಿಟ್ಟು ಸುಮ್ಮನಾಗುತ್ತೇವೆ. ಹೀಗೆ ಸುಮ್ಮನಾಗುವುದು ನಿಷ್ಕಾಮವೋ, ಅಥವಾ ಆಲಸ್ಯಕ್ಕೆ ಹೊದಿಸಿದ ಕಾವಿಯೋ? ಸದ್ಗೃಹಸ್ಥರಾದವರು ಇದನ್ನು ವಿಚಾರಿಸಿ ನೋಡಬೇಕು. ದೊಡ್ಡ ನಿದರ್ಶನಗಳನ್ನು ಅರಸಿ ಹೋಗಬೇಕಾಗಿಲ್ಲ. ಹಿತ್ತಿಲಲ್ಲಿ ಬೆಳೆಯುವ ಆಲೂಗೆಡ್ಡೆಯೊಂದೇ ಸಾಕು.

ಕಾರವಾರ ತಾಲ್ಲೂಕಿನ ಕಾಳೀನದಿಯ ತೀರದಲ್ಲಿ ಕೈಗಾ ಎಂಬ ಊರಿದೆ. 2000ರಲ್ಲಿ ಅಲ್ಲಿಯ ಅಣುವಿದ್ಯುತ್ ಸ್ಥಾವರದ ಮೊದಲ ಘಟಕಗಳು ಉತ್ಪಾದನೆಗೆ ತೊಡಗಿದವು. ಅದರ ಉದ್ಯೋಗಿಗಳ ವಸತಿ ಮಲ್ಲಾಪುರದಲ್ಲಿದೆ. ಘಟ್ಟದ ಮೇಲಿನ ಸೀಮೆಯಿಂದ ಈ ಕಡೆಗೆ ಬಂದು ನೆಲಸಿದವರಿಗೆ ತಮ್ಮ ಊರಿನ ಕಾಯಿಪಲ್ಲೆಯನ್ನು ಇಲ್ಲಿಯೂ ಬೆಳೆಯಬೇಕೆಂಬ ಆಸೆ ಹುಟ್ಟುವುದು ಸಹಜ. ಹಾಸನದಲ್ಲಿ ಮುಂಗಾರಿನೊಡನೆ ಬಿತ್ತುವ ಗೆಡ್ಡೆ, ಧಾರವಾಡ ಬೆಳಗಾವಿಗಳ ಹೊಲದಲ್ಲಿ ಬರುವ ಬಟಾಟಿ, ಇಲ್ಲಿ ಏಕೆ ಬಾರದು?

ಬಾರದಿರುವುದಕ್ಕೆ ಕಾರಣವುಂಟು. ಆಲೂಗೆಡ್ಡೆ ತಂಪನ್ನು ಬೇಡುವ ಬೆಳೆ. ರಾತ್ರಿಯ ಉಷ್ಣತೆಯು 20 ಡಿಗ್ರಿಯೊಳಗಿದ್ದರೆ ಅದು ನೆಲದೊಳಗೆ ಚೆನ್ನಾಗಿ ಗೆಡ್ಡೆ ಕಟ್ಟುತ್ತದೆ. ಸೆಕೆ ಹೆಚ್ಚಿದಂತೆ ಗಿಡವು ತನ್ನ ಸತ್ತ್ವವನ್ನೆಲ್ಲ ದಂಟಿಗೂ ಎಲೆಗೂ ಕೊಟ್ಟುಬಿಡುತ್ತದೆ. ಮೇಲೆ ಹಸುರು ತುಂಬಿ ತುಳುಕುವುದು; ಅಗೆದು ನೋಡಿದರೆ ಗೋಲಿಯಷ್ಟು ದೊಡ್ಡ ಗೆಡ್ಡೆಯೂ ದೊರೆಯದು. ಕರಾವಳಿಯ ಮಳೆಗಾಲದಲ್ಲಂತೂ ಬಿತ್ತಿದ ಹೋಳೇ ಮಣ್ಣಿನಲ್ಲಿ ಕೊಳೆತು ಹೋಗುತ್ತದೆ. ಎಲೆಯ ಸೊಂಪನ್ನು ಕಂಡು ಹಿಗ್ಗಿದವನು ಕೊನೆಗೆ ಬರಿಗೈಯಲ್ಲಿ ನಿಂತು, ಫಲವನ್ನು ಬಯಸಬಾರದೆಂದು ತನಗೆ ತಾನೇ ಹೇಳಿಕೊಳ್ಳುತ್ತಾನೆ.

ಆದರೆ ಅವನು ಮಾಡಬಹುದಾದುದು ಇನ್ನೂ ಇದ್ದಿತಲ್ಲವೆ? ಮಳೆ ನಿಂತ ಮೇಲೆ, ನವೆಂಬರಿನಲ್ಲಿ ನೆಟ್ಟರೆ ಇದ್ದಷ್ಟು ಚಳಿಯ ಪ್ರಯೋಜನ ದೊರೆಯುತ್ತದೆ. ಮೊಳಕೆಯೊಡೆದ ಗೆಡ್ಡೆಯನ್ನೇ ಆರಿಸಬೇಕು. ಹೋಳು ಮಾಡುವುದಾದರೆ ಒಂದೊಂದರಲ್ಲಿಯೂ ಎರಡು ಕಣ್ಣುಗಳಾದರೂ ಇರಬೇಕು. ಒಂದು ರೋಗಿಷ್ಠ ಗೆಡ್ಡೆಯನ್ನು ಕೊಯ್ದ ಕತ್ತಿಯೇ ಮಿಕ್ಕವುಗಳಿಗೆ ರೋಗವನ್ನು ಅಂಟಿಸುವುದರಿಂದ ಅದನ್ನು ಆಗಾಗ ತೊಳೆಯಬೇಕು. ಬದನೆ, ಟೊಮೇಟೊ ಬೆಳೆದ ಪಾತಿಯಲ್ಲಿ ಸೊರಗುರೋಗ ಅಡಗಿರಬಹುದಾದ್ದರಿಂದ ಬೇರೆ ಪಾತಿಯನ್ನು ಸಿದ್ಧಮಾಡಬೇಕು. ಸುಮಾರು ತಿಂಗಳಾದಾಗ ಬುಡಕ್ಕೆ ಮಣ್ಣೇರಿಸಬೇಕು. ಬಿಸಿಲು ಕಂಡ ಗೆಡ್ಡೆ ಹಸುರಾಗಿ ವಿಷವನ್ನು ತುಂಬಿಕೊಳ್ಳುತ್ತದೆ, ಅದು ತಿನ್ನಲು ಬಾರದು. ಇಷ್ಟನ್ನೂ ಮಾಡಿದರೆ ಹಾಸನದಷ್ಟು ಬೆಳೆ ಬರುವುದೆಂದಲ್ಲ. ಮನೆಯವರು ಒಂದೆರಡು ಹೊತ್ತು ಉಂಡು ನೆರೆಮನೆಗೂ ಕೊಡುವಷ್ಟು ಬಂದರೆ ಅದೇ ಹೆಚ್ಚು.

ಈ ಜಾಗರೂಕತೆಯೆಲ್ಲ ಫಲಾಪೇಕ್ಷೆಯೇ ಅಲ್ಲವೆ ಎಂದು ಕೆಲವರು ಕೇಳಬಹುದು. ಪ್ರಶ್ನೆಯು ಯುಕ್ತವಾದುದು. ಹನ್ನೆರಡನೆಯ ಶತಮಾನದ ಶರಣ ನುಲಿಯ ಚಂದಯ್ಯನನ್ನು ನೆನೆಯೋಣ. ಹುಲ್ಲನ್ನು ತಂದು ಹಗ್ಗ ಹೊಸೆದು, ಮಾರಿ ಬಂದುದರಿಂದ ಜಂಗಮದಾಸೋಹ ಮಾಡಿದವನು ಆತ. ಹಗ್ಗ ಕೈಯಲ್ಲಿ ಹಿಡಿದೊಡನೆ ಕಳಚಿಹೋಗುವಂತಿದ್ದರೆ ಕೊಳ್ಳುವವರಾರು? ಕೊಳ್ಳುವವರಿಲ್ಲದಿದ್ದರೆ ದಾಸೋಹವೆಲ್ಲಿ? ಕಾಯಕವು ದಾಸೋಹದಲ್ಲಿ ಪೂರ್ಣವಾಗುವುದು. ದಾಸೋಹಕ್ಕೆ ಫಲ ಬೇಕೇ ಬೇಕು. ಆದುದರಿಂದ ಫಲವು ನನ್ನದಲ್ಲವೆನ್ನುವುದು ಒಂದು, ಫಲದ ಚಿಂತೆಯೇ ನನಗಿಲ್ಲವೆನ್ನುವುದು ಇನ್ನೊಂದು. ಮೊದಲನೆಯದು ಭಕ್ತನ ಮಾತು. ಎರಡನೆಯದನ್ನಾಡುವವನು, ತಾನು ಉಣಬಡಿಸಬಹುದಾಗಿದ್ದ ಹಸಿದವನ ತುತ್ತನ್ನು ಮರೆತಿದ್ದಾನೆ. ಫಲವು ಪರರದೆಂದು ಅರಿತವನಿಗೆ ಅದರ ವಿಷಯದಲ್ಲಿ ಹೊಣೆ ಹೆಚ್ಚಬೇಕಲ್ಲದೆ ಕಡಮೆಯಾಗಲಾರದು. ತನ್ನ ಎಲೆಗೆ ಬೀಳುವ ಅಡಿಗೆ ಸಪ್ಪೆಯಾದರೂ ಗೃಹಿಣಿಯು ಸಹಿಸಿಯಾಳು; ಅತಿಥಿಯ ಎಲೆಗೆ ಬಡಿಸುವಾಗ ಉಪ್ಪನ್ನು ಎರಡು ಸಲ ನೋಡುವಳು.

ಈ ಹೊಣೆಯ ಇನ್ನೊಂದು ಮುಖವೂ ಇದೆ. ಅದು ನೆಲದ ಗುಣವನ್ನು ಅರಿಯುವುದು. ಕೈಗಾದ ನೆರೆಯ ಜೊಯಿಡಾ ಸೀಮೆಯ ಕುಣಬಿ ಜನರು ತಮ್ಮ ಕಾಡಂಚಿನ ಹಿತ್ತಿಲುಗಳಲ್ಲಿ ಮುಡ್ಲಿ, ಕೋನ, ಗೆಣಸು ಮೊದಲಾದ ಬಗೆಬಗೆಯ ಗೆಡ್ಡೆಗಳನ್ನು ಬೆಳೆಸಿ ಉಳಿಸಿಕೊಂಡು ಬಂದಿದ್ದಾರೆ. ಸೆಕೆಗೂ ಮಳೆಗೂ ಒಗ್ಗಿದ ಗೆಡ್ಡೆಗಳವು. 1845ರಲ್ಲಿ ಐರ್ಲೆಂಡಿನ ಬಡವರು ಹೆಚ್ಚಾಗಿ ಒಂದೇ ತಳಿಯ ಆಲೂಗೆಡ್ಡೆಯನ್ನು ನೆಚ್ಚಿದ್ದಾಗ ಅಂಗಮಾರಿ ರೋಗ ತಗುಲಿ, ಮುಂದಿನ ವರ್ಷಗಳ ಕ್ಷಾಮದಲ್ಲಿ ಸುಮಾರು ಹತ್ತು ಲಕ್ಷ ಜನ ಮಡಿದರು. ಹಲವು ಗೆಡ್ಡೆಗಳನ್ನು ಕಾಯ್ದುಕೊಂಡವರ ವಿವೇಕ ಎಷ್ಟು ದೊಡ್ಡದೆಂಬುದು ಇದರಿಂದ ತಿಳಿಯುತ್ತದೆ. ಆಲೂಗೆಡ್ಡೆಯ ಮೇಲಿನ ಮೋಹದಿಂದ ಹಿತ್ತಿಲನ್ನೆಲ್ಲ ಅದಕ್ಕೇ ಮೀಸಲಿಟ್ಟರೆ ಅದು ಹಟ. ಒಂದು ಪಾತಿಯನ್ನು ಅದಕ್ಕೆ ಕೊಟ್ಟು, ಉಳಿದುದರಲ್ಲಿ ನೆಲ ಒಪ್ಪುವುದನ್ನು ಬೆಳೆದರೆ ಅದು ಕಾಯಕ.

ಇಷ್ಟಾಗಿಯೂ ಬೆಳೆ ಕೈಕೊಡಬಹುದು. ಚಳಿ ಬಾರದೆ ಹೋಗಬಹುದು. ಕಾಡುಹಂದಿ ಬಂದು ಒಂದೇ ರಾತ್ರಿಯಲ್ಲಿ ಪಾತಿಯನ್ನು ಬಗೆದು ಹಾಕಬಹುದು. ಕಾಲವನ್ನರಿತು ನೆಟ್ಟು, ಕತ್ತಿಯನ್ನು ತೊಳೆದು, ಮಣ್ಣೇರಿಸಿದವನು ಆಗ “ಫಲವು ನನ್ನ ಕೈಯಲ್ಲಿಲ್ಲ” ಎಂದರೆ ಆ ಮಾತಿಗೆ ತೂಕವುಂಟು. ಆ ಮಾತನ್ನು ಆಡುವ ಅಧಿಕಾರವನ್ನು ಅವನು ದುಡಿದು ಗಳಿಸಿದ್ದಾನೆ. ಆದುದರಿಂದ ಸದ್ಭಕ್ತರು ಕೆಲಸ ಕೆಟ್ಟಾಗ ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆಯಿದು: ನಾನು ಮಾಡಬೇಕಾದುದೆಲ್ಲವನ್ನೂ ಮಾಡಿದೆನೆ? ಹೌದೆಂಬ ಉತ್ತರ ಬಂದರೆ ದುಃಖಿಸಬೇಕಾದುದಿಲ್ಲ. ಅಲ್ಲವೆಂದಾದರೆ, ಬರುವ ನವೆಂಬರಿಗೆ ಪಾತಿಯನ್ನು ಅಗೆದು ಸಿದ್ಧಗೊಳಿಸುವುದು ಲೇಸು.