ದಂಡಿನ ದವಸವೂ ಊರ ಹಗೇವೂ

ಯುದ್ಧದ ನ್ಯಾಯಾನ್ಯಾಯಗಳನ್ನು ವಿಚಾರಿಸುವವರು ಬಹುಮಟ್ಟಿಗೆ ಕತ್ತಿಯ ವಿಷಯವನ್ನೇ ವಿಚಾರಿಸುತ್ತಾರೆ; ದಂಡು ಉಂಡ ದವಸವು ಎಲ್ಲಿಂದ ಬಂದಿತೆಂದು ಕೇಳುವವರು ವಿರಳ. ಆದರೆ ದಂಡು ಹಾಯ್ದುಹೋದ ಸೀಮೆಯ ಒಕ್ಕಲುಮಕ್ಕಳಿಗೆ ಈ ಎರಡನೆಯ ಪ್ರಶ್ನೆಯೇ ಜೀವದ ಪ್ರಶ್ನೆಯು.

ವರದೆಯ ದಂಡೆಯ ಕರ್ಜಗಿಯ ಸೀಮೆಯು 1800ರಲ್ಲಿ ಇದನ್ನು ಕಂಡಿತು. ಧೋಂಡಿಯ ವಾಘನನ್ನು ಬೆನ್ನಟ್ಟಿದ ಕರ್ನಲ್ ವೆಲ್ಲೆಸ್ಲಿಯ ಸೈನ್ಯವು ಹರಿಹರದ ಬಳಿ ತುಂಗಭದ್ರೆಯನ್ನು ದಾಟಿ, ಜೂನ್ 27ರಂದು ರಾಣೀಬೆನ್ನೂರನ್ನು ಹಿಡಿದು, ಹಾವೇರಿಯ ಮೇಲೆ ಹಾಯ್ದು, ವರದೆಯನ್ನು ದಾಟಿ ಜುಲೈ ತಿಂಗಳಲ್ಲಿ ಸವಣೂರನ್ನು ಸೇರಿತು. ಅದಕ್ಕೆ ಬೇಕಾದ ಅಕ್ಕಿಯು ಮೈಸೂರಿನ ಕಡೆಯಿಂದ ಎತ್ತುಗಳ ಬೆನ್ನಿನ ಮೇಲೆ ಬರಬೇಕು. ಲಂಬಾಣಿಗಳ ಹೇರೆತ್ತುಗಳೇ ಆಗಿನ ದಂಡುಗಳಿಗೆ ಆಧಾರ. ಹೊಳೆ ತುಂಬಿ ಹೇರು ತಡೆದರೆ ಹತ್ತಿರದ ಊರಿನ ಹಗೇವೇ ಗತಿ. ಅದಾದರೋ ಕಾರಹುಣ್ಣಿಮೆ ಕಳೆದು ಬಿತ್ತಿಗೆ ನಡೆಯುವ ಕಾಲ.

ಧೋಂಡಿಯನ ಕುದುರೆಗಳಿಗೆ ಹಿಂದೆ ಉಗ್ರಾಣವಿರಲಿಲ್ಲ. ಹೋದ ಊರೇ ಉಗ್ರಾಣ. ವೆಲ್ಲೆಸ್ಲಿಯಾದರೋ ಸುಲಿಗೆಯನ್ನು ನಿಷೇಧಿಸಿ, ಹಣ ಕೊಟ್ಟು ಕೊಳ್ಳಬೇಕೆಂಬ ಕಟ್ಟಳೆಯುಳ್ಳವನು. ಈ ಭೇದವು ಅಲ್ಪವಲ್ಲ. ಆದರೂ ಕೊಂಡ ಮಾತ್ರಕ್ಕೆ ಧರ್ಮವು ಪೂರ್ತಿಯಾಯಿತೇ? ಕೊಡಲಾರೆನೆಂದು ಹೇಳುವ ಧೈರ್ಯವು ಮಾರುವವನಿಗೆ ಇಲ್ಲದಿದ್ದರೆ ಅದು ವ್ಯಾಪಾರವೆನಿಸದು. ಬಿತ್ತನೆಯ ಜೋಳವನ್ನೂ ಗಳೇದ ಎತ್ತನ್ನೂ ಕಳೆದುಕೊಂಡವನ ಕೈಯಲ್ಲಿ ರೂಪಾಯಿಯಿದ್ದರೂ ರೂಪಾಯಿಯನ್ನು ಬಿತ್ತಲಾಗದು.

ಈ ನಾಡಿಗೆ ಇದು ಹೊಸ ಪಾಠವಾಗಿರಲಿಲ್ಲ. 1790ರಿಂದ 1791ರವರೆಗೆ ಪರಶುರಾಮಭಾವೂನ ದೊಡ್ಡ ದಂಡು ಆರು ತಿಂಗಳಿಗೂ ಮಿಕ್ಕಿ ಧಾರವಾಡಕ್ಕೆ ಮುತ್ತಿಗೆ ಹಾಕಿ ಕುಳಿತಿತ್ತು. ಅದರ ಬೆನ್ನಿಗೇ 1791–92ರ ಡೋಗಿಬರವು ಬಂದಿತು. ಸತ್ತವರನ್ನು ಸುಡುವವರಿಲ್ಲದೆ ಬಯಲೆಲ್ಲ ತಲೆಬುರುಡೆಗಳಾದುವೆಂದು ಆ ಹೆಸರು. ಮಳೆಯು ತಪ್ಪುವುದು ಮನುಷ್ಯನ ಕೈಯಲ್ಲಿಲ್ಲ. ಮಳೆ ತಪ್ಪಿದ ವರ್ಷಕ್ಕೆಂದು ಕೂಡಿಟ್ಟುದನ್ನು ಮೊದಲೇ ತಿಂದುಬಿಡುವುದು ಮನುಷ್ಯನದೇ ಕೆಲಸ.

ಬೇಗನೆ ಗೆದ್ದರೆ ಪ್ರಜೆಗಳ ಕಷ್ಟವೂ ಬೇಗನೆ ತೀರುವುದೆಂದು ಸೇನಾಪತಿಯು ವಾದಿಸಬಹುದು. 1800ರ ಸಪ್ಟಂಬರ 10ರಂದು ಕೋಣಗಲ್ಲಿನಲ್ಲಿ ಧೋಂಡಿಯನು ಮಡಿದನು, ಓಡಾಟವು ನಿಂತಿತು. ವಾದದಲ್ಲಿ ಸತ್ಯಾಂಶವುಂಟು. ಆದರೆ ಈ ಲೆಕ್ಕವನ್ನು ಹಾಕುವವನು ಒಬ್ಬ, ಅದರ ಬೆಲೆಯನ್ನು ತೆರುವವನು ಮತ್ತೊಬ್ಬ.

ಆದ್ದರಿಂದ ಸೈನ್ಯದ ಧರ್ಮವನ್ನು ಅದು ಕೊಟ್ಟ ಹಣದಿಂದ ಮಾತ್ರ ಅಳೆಯಲಾಗದು. ಅದು ಹೋದ ಮೇಲೆ ಹಗೇವಿನಲ್ಲಿ ಉಳಿದ ಕಾಳಿನಿಂದ ಅಳೆಯಬೇಕು. ಹಿಂದಿನ ಹೇರು ಬರುವವರೆಗೆ ಎರಡು ದಿನ ತಡೆದು ನಿಂತು, ಬೀಜವನ್ನೂ ಗಳೇದ ಎತ್ತನ್ನೂ ಮುಟ್ಟದೆ ಹೋದ ಸೇನಾಪತಿಯ ಹೆಸರು ಜಯಸ್ತಂಭದ ಮೇಲೆ ಕಾಣದಿರಬಹುದು. ಮುಂದಿನ ಸುಗ್ಗಿಯಲ್ಲಿ ಆ ಊರು ಉಂಡಿತೆಂಬುದೇ ಅವನ ಕೀರ್ತಿಯು.