ನಿಲ್ಲಿಸುವುದು

'ನಿಲ್ಲಿಸು' ಎಂಬ ಮಾತಿಗೆ ಕನ್ನಡದಲ್ಲಿ ಎರಡು ಅರ್ಥ. ವಾಲಿದ ಕಂಬವನ್ನು ನಿಲ್ಲಿಸುತ್ತೇವೆ, ಓಡುವ ಬಸ್ಸನ್ನೂ ನಿಲ್ಲಿಸುತ್ತೇವೆ. ಮಲೆಯಾಳದ 'ನಿರ್ತ್ತುಕ' ಎಂಬುದೂ ಹೆಚ್ಚುಕಡಿಮೆ ಹೀಗೆಯೇ. ಎರಡು ಭಾಷೆಗಳ ನಡುವೆ ಬದುಕುವ ಕಾಸರಗೋಡಿನವರಿಗೆ ಇದರಲ್ಲಿ ಆಶ್ಚರ್ಯವೇನಿಲ್ಲ. ಆದರೆ ಈ ಒಂದು ಮಾತಿನ ಎರಡು ಅರ್ಥಗಳ ನಡುವೆ ನಾನು ಒಮ್ಮೆ ಮೂವತ್ತು ಗಂಟೆ ಸಿಕ್ಕಿಬಿದ್ದಿದ್ದೆ. ಅದನ್ನೇ ಇಲ್ಲಿ ಬಿಡಿಸಿ ನೋಡಬೇಕೆಂದಿದ್ದೇನೆ.

2019ರ ಮಳೆಗಾಲ. ನನ್ನ ಅಕ್ಕನಿಗೆ ಆಗ ಎಪ್ಪತ್ತನಾಲ್ಕು. ಹಳೆಯ ಸಕ್ಕರೆ ಕಾಯಿಲೆ. ಮೂತ್ರದ ಸೋಂಕು ಎಂದು ಸುರುವಾದದ್ದು ಎರಡು ದಿನದಲ್ಲಿ ರಕ್ತಕ್ಕೆ ಏರಿತು. ನಮ್ಮ ಕಡೆಯವರಿಗೆ ದೊಡ್ಡ ಕಾಯಿಲೆ ಎಂದರೆ ಮಂಗಳೂರು. ತಲಪಾಡಿ ದಾಟಿ ಕೊಂಡುಹೋದೆವು. (ಮರುವರ್ಷ, 2020ರ ಮಾರ್ಚಿನಲ್ಲಿ, ಅದೇ ತಲಪಾಡಿಯಲ್ಲಿ ದಾರಿ ಮುಚ್ಚಿ ಆಂಬುಲೆನ್ಸುಗಳು ನಿಂತವು. ಆ 'ನಿಲ್ಲಿಸುವಿಕೆ'ಯ ಕತೆ ಬೇರೆಯೇ ಬರೆಯಬೇಕಾದದ್ದು.) ಐಸಿಯುವಿನ ನರ್ಸ್ ನಮ್ಮ ಊರ ಕಡೆಯ ಹುಡುಗಿ. ಹೊರಗೆ ಬಂದು ಮೆಲ್ಲಗೆ ಹೇಳಿದಳು: "ಮಾಷೇ, ಪ್ರೆಷರ್ ನಿಲ್ಕ್ಕುನ್ನಿಲ್ಲ." ಒತ್ತಡ ನಿಲ್ಲುತ್ತಿಲ್ಲ. ಆದ್ದರಿಂದ ನಿಲ್ಲಿಸುವ ಮದ್ದು ಸುರು ಮಾಡಿದ್ದಾರೆ ಎಂದಳು.

ಆ ಮದ್ದಿನ ಹೆಸರು ನೋರ್‌ಅಡ್ರಿನಲಿನ್. ಹೊರಗಿನಿಂದ ಬಂದ ವಸ್ತುವೇನಲ್ಲ. ನಮ್ಮ ನರಗಳ ತುದಿಯಲ್ಲಿಯೂ ಮೂತ್ರಪಿಂಡದ ಮೇಲಿನ ಗ್ರಂಥಿಯಲ್ಲಿಯೂ ಹುಟ್ಟುವಂಥದು. ನರಗಳು ಇದನ್ನೇ ಬಳಸಿ ಸಂದೇಶ ಕಳುಹಿಸುತ್ತವೆ ಎಂದು ಸ್ವೀಡನ್ನಿನ ಉಲ್ಫ್ ಫಾನ್ ಆಯ್ಲರ್ 1946ರಲ್ಲಿ ತೋರಿಸಿದರು. 1970ರ ನೊಬೆಲ್ ಬಹುಮಾನದಲ್ಲಿ ಅವರಿಗೂ ಪಾಲು ಬಂತು. ನಂಜೇರಿದಾಗ ರಕ್ತನಾಳಗಳು ಸಡಿಲಗೊಂಡು ಹಿಗ್ಗುತ್ತವೆ. ಇದು ಅವನ್ನು ಹಿಂಡಿ ಬಿಗಿಮಾಡುತ್ತದೆ. ಸಾಲದಿದ್ದರೆ ವಾಸೋಪ್ರೆಸಿನ್ ಎಂಬ ಇನ್ನೊಂದು ಹಾರ್ಮೋನು ಸೇರುತ್ತದೆ. ಅಮೆರಿಕದಲ್ಲಿ 2017ರ ಡಿಸೆಂಬರಿನಲ್ಲಿ ಆಂಜಿಯೋಟೆನ್ಸಿನ್ ಎಂಬ ಮೂರನೆಯದಕ್ಕೂ ಒಪ್ಪಿಗೆ ಸಿಕ್ಕಿತು. ತಮಾಷೆಯೆಂದರೆ, ಅಕ್ಕ ವರ್ಷಗಟ್ಟಲೆ ಬೆಳಗ್ಗೆ ನುಂಗುತ್ತಿದ್ದ ಒತ್ತಡದ ಮಾತ್ರೆಯ ಕೆಲಸ ಈ ಆಂಜಿಯೋಟೆನ್ಸಿನನ್ನು ತಡೆಯುವುದೇ ಆಗಿತ್ತು. ಬದುಕಿಡೀ ಇಳಿಸಲು ಹೆಣಗಿದ್ದನ್ನು ಕೊನೆಗೆ ಏರಿಸಲು ಹೆಣಗುತ್ತೇವೆ.

ತೋಟಕ್ಕೆ ನೀರು ಹಾಯಿಸಿದವರಿಗೆ ಈ ಮದ್ದಿನ ವ್ಯಾಪಾರ ಬೇಗ ಅರ್ಥವಾದೀತು. ಬೇಸಿಗೆಯಲ್ಲಿ ಪಂಪಿಗೆ ನೀರು ಸಾಲದೆ ಬಂದಾಗ ಏನು ಮಾಡುತ್ತೇವೆ? ದೂರದ ಸಾಲುಗಳ ಗೇಟುವಾಲ್ವು ತಿರುಗಿಸಿ ಮುಚ್ಚುತ್ತೇವೆ. ಆಗ ಹತ್ತಿರದ ಸಾಲಿನಲ್ಲಿ ಒತ್ತಡ ಬಂದು ಸ್ಪ್ರಿಂಕ್ಲರು ತಿರುಗುತ್ತದೆ. ದೂರದ ಅಡಿಕೆ ಗಿಡ ಬಾಡುತ್ತದೆ. ಮೈಯ ದೂರದ ಸಾಲುಗಳೆಂದರೆ ಬೆರಳುಗಳು. ಮಿದುಳು, ಹೃದಯಗಳನ್ನು ಉಳಿಸಲು ಹೊರಟ ಮದ್ದು, ಪ್ರಮಾಣ ಹೆಚ್ಚಿದಾಗ, ಬೆರಳ ತುದಿಯಿಂದ ಬಡ್ಡಿ ವಸೂಲು ಮಾಡುತ್ತದೆ.

ಅದು ಬರುವುದು ಸಿರಿಂಜ್ ಪಂಪಿನಿಂದ. ಗಂಟೆಗೆ ಇಷ್ಟು ಮಿಲಿಲೀಟರ್ ಎಂದು ಕೆಂಪಕ್ಷರದಲ್ಲಿ ತೋರಿಸುವ ಸಣ್ಣ ಯಂತ್ರ. ರಕ್ತಕ್ಕಿಳಿದ ಮದ್ದು ಎರಡು ಮೂರು ನಿಮಿಷದಲ್ಲಿ ಅರ್ಧಕ್ಕೆ ಇಳಿಯುವುದರಿಂದ ಒಂದು ಸಿರಿಂಜ್ ಮುಗಿಯುವ ಮೊದಲೇ ನರ್ಸ್ ಇನ್ನೊಂದನ್ನು ಸಿದ್ಧಮಾಡಿ ಇಟ್ಟಿರುತ್ತಾಳೆ. ನಮ್ಮ ಮನೆಯಲ್ಲಿ ಎಣ್ಣೆ ತೀರುವ ಮೊದಲು ನಂದಾದೀಪಕ್ಕೆ ಎಣ್ಣೆ ಹೊಯ್ಯುತ್ತಿದ್ದವಳು ಅಕ್ಕ. ಅದು ನೆನಪಾಯಿತು.

ಮೊದಲು ಹೇಳಬೇಕಾದ್ದನ್ನು ಹೇಳಿಬಿಡುತ್ತೇನೆ: ಈ ಮದ್ದಿನ ಮೇಲೆ ನನಗೆ ಯಾವ ದೂರೂ ಇಲ್ಲ. ಪಕ್ಕದ ಹಾಸಿಗೆಯಲ್ಲಿ ಇಲಿಜ್ವರದ ಹುಡುಗನೊಬ್ಬನಿದ್ದ, ಅಡಿಕೆ ಮರ ಹತ್ತುವ ಕೆಲಸದವನು. ಅವನಿಗೂ ಇದೇ ಪಂಪು, ಇದೇ ಮದ್ದು. ಮೂರನೆಯ ದಿನ ಅವನ ಪಂಪಿನ ಅಂಕಿ ಇಳಿಯತೊಡಗಿತು, ಐದನೆಯ ದಿನ ಅವನು ಗಂಜಿ ಕೇಳಿದ. ಸೋಂಕಿಗೆ ಕೊಟ್ಟ ಮದ್ದು ಕೆಲಸ ಮಾಡುವ ತನಕ ಒಬ್ಬನನ್ನು ಹಿಡಿದು ನಿಲ್ಲಿಸುವುದು ಎಷ್ಟು ದೊಡ್ಡ ಉಪಕಾರವೆಂದು ಅವನ ತಾಯಿಯ ಮುಖ ನೋಡಿದವರಿಗೆ ಹೇಳಬೇಕಾಗಿಲ್ಲ. ತೊಡಕು ಇರುವುದು, ಯಾವುದಕ್ಕಾಗಿ ಹಿಡಿದು ನಿಲ್ಲಿಸುತ್ತೇವೆ ಎಂಬಲ್ಲಿ.

ಸರಾಸರಿ ಒತ್ತಡ 65 ಇರಬೇಕು ಎಂಬುದು ಅಲ್ಲಿಯ ಲೆಕ್ಕ. ಎರಡು ದಿನಗಳಲ್ಲಿ ನಾನು ಅಕ್ಕನ ಮುಖ ನೋಡುವುದನ್ನು ಬಿಟ್ಟು ಆ ಅಂಕಿಯನ್ನೇ ನೋಡುವವನಾದೆ. 66 ಆದರೆ ಚಾ ಕುಡಿಯಲು ಹೋಗುತ್ತಿದ್ದೆ. 58 ಆದರೆ ದೇವರ ಹೆಸರು ಹೇಳುತ್ತಿದ್ದೆ. ಅಂಕಿ ಏರುವುದೂ ಜೀವ ಉಳಿಯುವುದೂ ಒಂದೇ ಅಲ್ಲವೆಂಬುದು ಆಮೇಲೆ ಓದಿ ತಿಳಿದ ಸಂಗತಿ. ನಾಳಗಳನ್ನು ಸಡಿಲಿಸುವ ನೈಟ್ರಿಕ್ ಆಕ್ಸೈಡ್ ಹುಟ್ಟುವುದನ್ನೇ ತಡೆಯುವ ಒಂದು ಮದ್ದನ್ನು ನಂಜಿನ ರೋಗಿಗಳಲ್ಲಿ ಪರೀಕ್ಷಿಸಿದ ವರದಿ 2004ರಲ್ಲಿ ಪ್ರಕಟವಾಯಿತು. ಒತ್ತಡವೇನೋ ಚೆನ್ನಾಗಿ ಏರಿತು. ಜತೆಗೆ ಸಾವೂ ಏರಿತು. ಪರೀಕ್ಷೆಯನ್ನು ನಡುವಿನಲ್ಲೇ ಕೈಬಿಟ್ಟರು. 2017ರ ಆಂಜಿಯೋಟೆನ್ಸಿನ್ ಪರೀಕ್ಷೆಯಲ್ಲಿ ಮದ್ದು ಸಿಕ್ಕಿದ ನೂರರಲ್ಲಿ ಸುಮಾರು ಎಪ್ಪತ್ತು ಮಂದಿಯ ಒತ್ತಡ ಮೂರು ಗಂಟೆಯಲ್ಲಿ ಗುರಿ ಮುಟ್ಟಿತು, ಸಿಗದವರಲ್ಲಿ ಇಪ್ಪತ್ತಮೂರು ಮಂದಿಯದು ಮಾತ್ರ. ಆದರೆ ಇಪ್ಪತ್ತೆಂಟು ದಿನಗಳೊಳಗೆ ತೀರಿಕೊಂಡವರು 46 ಮತ್ತು 54. ಆ ವ್ಯತ್ಯಾಸ ಆಕಸ್ಮಿಕವೂ ಇರಬಹುದಾದಷ್ಟೇ.

ಮೂರನೆಯ ದಿನ ಸಂಜೆ ಡಾಕ್ಟರರು ನನ್ನನ್ನು ಕರೆದರು. ಮೂತ್ರಪಿಂಡ ನಿಂತಿದೆ, ಮದ್ದಿಗೆ ಮೈ ಒಪ್ಪುತ್ತಿಲ್ಲ, ಇನ್ನು ಗುಣವಾಗುವ ಆಸೆ ತೀರ ಕಡಿಮೆ ಎಂದರು. ಮೂರು ದಾರಿ ಹೇಳಿದರು: ಏರಿಸುತ್ತಾ ಹೋಗುವುದು, ಇದ್ದಲ್ಲೇ ಇಟ್ಟು ಏರಿಸದಿರುವುದು, ನಿಲ್ಲಿಸುವುದು. ಅಕ್ಕನ ಮಗ ದುಬಾಯಿಯಲ್ಲಿದ್ದ. ರಜೆ ಸಿಗಬೇಕು, ವಿಮಾನ ಸಿಗಬೇಕು. ಅವನು ಫೋನಿನಲ್ಲಿ ಹೇಳಿದ್ದು ಒಂದೇ ಮಾತು: "ಮಾವ, ನಾನು ಬರುವವರೆಗೆ." ನಾನು ಡಾಕ್ಟರರಿಗೆ, ಏರಿಸಿ ಎಂದೆ.

ಏರಿಸುವುದು ಸುಲಭ. ಪ್ರತಿಸಲವೂ ಒಂದೋ ಎರಡೋ ಮಿಲಿಲೀಟರ್. ಅಷ್ಟು ಸಣ್ಣ ಹೆಜ್ಜೆಯಲ್ಲಿ ತಪ್ಪೇನಿದೆ? ಹಿಂದಿನ ಹೆಜ್ಜೆ ಸರಿಯಾಗಿದ್ದರೆ ಈ ಹೆಜ್ಜೆಯೂ ಸರಿ. ಹೀಗೆ ಮೆಟ್ಟಿಲು ಮೆಟ್ಟಿಲಾಗಿ ಇಳಿದು, ಮೇಲಿನಿಂದ ತೋರಿಸಿದ್ದರೆ ಬೇಡವೆನ್ನಬಹುದಾಗಿದ್ದ ಆಳಕ್ಕೆ ಬಂದಿದ್ದೆವು. ಏರಿಸದಿರುವುದಕ್ಕೂ ನಿಲ್ಲಿಸುವುದಕ್ಕೂ ನೀತಿಯ ದೃಷ್ಟಿಯಿಂದ ಭೇದವಿಲ್ಲವೆಂದು ವೈದ್ಯಕೀಯ ನೀತಿಯನ್ನು ಚರ್ಚಿಸುವ ಬಹಳ ಮಂದಿ ಹೇಳುತ್ತಾರೆ. ಸುಪ್ರೀಂ ಕೋರ್ಟು 2018ರ ಮಾರ್ಚಿನ ತೀರ್ಪಿನಲ್ಲಿ, ಗುಣವಾಗುವ ಆಸೆಯಿಲ್ಲದ ರೋಗಿಗೆ ಚಿಕಿತ್ಸೆ ಕೊಡದಿರುವುದನ್ನೂ ಹಿಂತೆಗೆಯುವುದನ್ನೂ ಜತೆಯಾಗಿಯೇ ಒಪ್ಪಿತು. ನನ್ನ ಬುದ್ಧಿಯೂ ಒಪ್ಪುತ್ತದೆ. ಆದರೂ ಬಹುಮಂದಿ ನಡುವಿನ ದಾರಿ ಹಿಡಿಯುವುದೇಕೆ? ಅಲ್ಲಿ ಯಾರ ಕೈಯೂ ಕಾಣುವುದಿಲ್ಲ, ಅಷ್ಟೇ. ಅದನ್ನು ಹೇಡಿತನವೆನ್ನಲು ನನಗೆ ನಾಲಿಗೆ ಬಾರದು. ಉಳಿದವರು ಆಮೇಲೂ ಬದುಕಬೇಕಲ್ಲ.

ನಮ್ಮ ತಾಳಮದ್ದಳೆಗಳಲ್ಲಿ ಭೀಷ್ಮಾವಸಾನ ಕೇಳದವರಿಲ್ಲ. ಶರಶಯ್ಯೆಯಲ್ಲಿ ಮಲಗಿ ಉತ್ತರಾಯಣಕ್ಕಾಗಿ ಕಾದ ಭೀಷ್ಮನ ಪರವಾಗಿ ಅರ್ಥಧಾರಿಗಳು ರಾತ್ರಿ ಬೆಳಗಾಗುವ ತನಕ ವಾದಿಸುತ್ತಾರೆ. ಐಸಿಯುವಿನ ಹೊರಗೆ ಕಬ್ಬಿಣದ ಕುರ್ಚಿಯಲ್ಲಿ ಕುಳಿತ ನನಗೆ ಆ ರಾತ್ರಿ ಹೊಳೆದದ್ದು ಇಷ್ಟು: ಭೀಷ್ಮ ತಾನಾಗಿ ಕಾದ. ಅಕ್ಕನನ್ನು ನಾವು ಕಾಯಿಸಿದೆವು. ಹಾಗೆಂದರೆ ಅವಳನ್ನು ಮಗನ ದರ್ಶನಕ್ಕೆ ಬೇಕಾದ ಒಂದು ಸಾಮಗ್ರಿಯಾಗಿ ಮಾಡಿಕೊಂಡೆವೇ? ಕೂಡಲೇ ಇನ್ನೊಂದು ವಾದ ಎದ್ದಿತು. ಕಾಲೇಜಿನಿಂದ ಮಗ ಕೊನೆಯ ಬಸ್ಸಿಗೆ ಬರುವ ತನಕ ಉಣ್ಣದೆ ಜಗಲಿಯಲ್ಲಿ ಕೂತವಳು ಅವಳು. ಕೇಳಿದ್ದರೆ ಕಾಯುತ್ತೇನೆಂದೇ ಹೇಳುತ್ತಿದ್ದಳು. ಆ ವಾದವನ್ನು ನಾನು ಇಂದಿಗೂ ತಳ್ಳಿಹಾಕಲಾರೆ. ಆದರೆ ಅದು ಆ ಹೊತ್ತಿಗೆ ನನಗೆ ಬಹಳ ಅನುಕೂಲವಾಗಿತ್ತು ಎಂಬುದನ್ನು ಮರೆಮಾಚಲಾರೆ. ಜಗಲಿಯಲ್ಲಿ ಕಾಯುವವಳು ಬೇಸರವಾದರೆ ಎದ್ದು ಒಳಗೆ ಹೋಗಬಹುದಿತ್ತು.

ಮರುದಿನ ಮಧ್ಯರಾತ್ರಿ ಅಳಿಯ ಬಂದ. ವಿಮಾನ ನಿಲ್ದಾಣದಿಂದ ನೇರ ಆಸ್ಪತ್ರೆಗೆ. ಒಳಗೆ ಹೋಗಿ ತಾಯಿಯ ಕೈ ಹಿಡಿಯಲು ಹೊದಿಕೆ ಸರಿಸಿದ. ಬೆರಳುಗಳು ಮೊದಲ ಗಂಟಿನವರೆಗೆ ಕಪ್ಪಾಗಿದ್ದವು. ನಲ್ವತ್ತು ವರ್ಷ ಅಡಿಕೆ ಸುಲಿದ ಬೆರಳು. ಅಡಿಕೆಯ ಕರೆ ಎಂದೇ ಒಂದು ಕ್ಷಣ ಅಂದುಕೊಂಡನಂತೆ. "ಮಾವ, ಇದು ಹೇಗಾಯಿತು?" ಎಂದು ಕೇಳಿದ. ನೀನು ಬರುವವರೆಗೆ ನಿಲ್ಲಿಸಿದ್ದಕ್ಕೆ ಆದದ್ದು ಎಂದು ಹೇಗೆ ಹೇಳಲಿ? ಕಾಯಿಲೆಯಿಂದ, ಎಂದೆ. ಅರ್ಧ ಸತ್ಯ. ಅವನು ಆ ಕೈಯನ್ನು ಬಿಡದೆ ಹಿಡಿದುಕೊಂಡು ಕೂತ. ಬೆಳಗಿನ ಜಾವ ಆರರ ಹೊತ್ತಿಗೆ, ಪಂಪು ಓಡುತ್ತಿದ್ದಂತೆಯೇ, ಅಂಕಿ ತಾನಾಗಿ ಇಳಿದು ಹೋಯಿತು. ನಿಲ್ಲಿಸುವ ತೀರ್ಮಾನ ನಮ್ಮ ಪಾಲಿಗೆ ಬರಲೇ ಇಲ್ಲ.

ಆ ಅರ್ಧ ಸತ್ಯವನ್ನು ಅವನಿಗೆ ಪೂರ್ತಿ ಮಾಡಿದ್ದು ಎರಡು ವರ್ಷಗಳ ನಂತರ. ಅವನು ಬಹಳ ಹೊತ್ತು ಸುಮ್ಮನಿದ್ದು, "ಆದರೂ ಮಾವ, ಕೈ ಬೆಚ್ಚಗಿತ್ತೆಂದು ನನಗೆ ನೆನಪು" ಎಂದ. ಅಷ್ಟು ಮದ್ದು ಓಡುತ್ತಿರುವಾಗ ಕೈ ಬೆಚ್ಚಗಿರುವುದು ಸಾಧ್ಯವಿರಲಿಲ್ಲ. ನಾನು ತಿದ್ದಲಿಲ್ಲ.

ಜೀವಂತ ಉಯಿಲಿನ ನಿಯಮಗಳನ್ನು 2023ರ ಜನವರಿಯಲ್ಲಿ ಕೋರ್ಟು ಸರಳಗೊಳಿಸಿತು. ಇಬ್ಬರು ಸಾಕ್ಷಿಗಳು, ನೋಟರಿ ಅಥವಾ ಗಜೆಟೆಡ್ ಅಧಿಕಾರಿಯ ಸಹಿ ಸಾಕು. ನಾನೂ ಒಂದನ್ನು ಬರೆಯಲು ಕೂತೆ. ಉಸಿರಾಟದ ಯಂತ್ರ, ಡಯಾಲಿಸಿಸ್, ಎದೆ ಒತ್ತುವುದು: ಇವುಗಳ ಬಗ್ಗೆ ಸರಾಗವಾಗಿ ಬರೆದೆ. ಒತ್ತಡದ ಮದ್ದಿನಲ್ಲಿಗೆ ಬಂದಾಗ ಲೇಖನಿ ನಿಂತಿತು. 'ಆಸೆ ಇಲ್ಲವೆಂದಾದ ಮೇಲೆ ಏರಿಸಕೂಡದು' ಎಂದು ಬರೆದು ಹೊಡೆದುಹಾಕಿದೆ. 'ಮಗಳು ಬರುವವರೆಗೆ ಮಾತ್ರ' ಎಂದು ಬರೆದೆ; ಅವಳು ಪುಣೆಯಲ್ಲಿದ್ದಾಳೆ. ಅದನ್ನೂ ಹೊಡೆದೆ. ನೋಟರಿ ಮಲೆಯಾಳಿ, ಪರಿಚಯದವರು. ಮಲೆಯಾಳದಲ್ಲೂ ಒಂದು ಪ್ರತಿ ಇರಲಿ ಎಂದಿದ್ದಾರೆ. ಕನ್ನಡದಲ್ಲೇ ಆ ಸಾಲು ಮುಗಿಯದೆ ಕಾಗದ ಮೇಜಿನ ಖಾನೆಯಲ್ಲಿದೆ. ಮೊನ್ನೆ ಮಗಳು ಬಂದಿದ್ದಾಗ ತೆಗೆದು ತೋರಿಸಿದೆ. ಓದಿದಳು, ಹೊಡೆದುಹಾಕಿದ ಎರಡು ಸಾಲುಗಳನ್ನು ಬೆಳಕಿಗೆ ಹಿಡಿದು ಓದಿದಳು, "ಎಷ್ಟು ಬೆರಳಿನವರೆಗೆ ಕಾಯಬಹುದು ಅಪ್ಪ?" ಎಂದು ಕೇಳಿದಳು.