ನೀರು ಕೆಳಕ್ಕೆ ತಾನೆ ಬರೋದು

ಜಾವಳಿಯಲ್ಲಿ ಹೇಮಾವತಿ ಹುಟ್ಟುವ ಜಾಗ ನೋಡಲು ಬಂದವರಿಗೆ ಕೊಂಚ ನಿರಾಸೆಯೇ ಆಗುತ್ತದೆ. ಗೊರೂರಿನ ಅಣೆಕಟ್ಟು ತುಂಬಿಸಿ, ಮುಂದೆ ಕನ್ನಂಬಾಡಿಯಲ್ಲಿ ಕಾವೇರಿ ಸೇರುವ ನದಿ ಇಲ್ಲಿ ಅಷ್ಟು ಸಣ್ಣದು. ಆ ಆಸುಪಾಸಿನ ಕಣಿವೆಯಲ್ಲೇ ನಮ್ಮ ಗದ್ದೆ. ಮೂರು ವರ್ಷದ ಹಿಂದೆ ಅದರ ನಟ್ಟನಡುವೆ ಹಿಟಾಚಿ ಇಳಿಸಿ ಆಳುದ್ದ ಚರಂಡಿ ತೆಗೆಸಿದೆವು. ಭತ್ತ ಗಿಟ್ಟುತ್ತಿರಲಿಲ್ಲ, ಅಡಿಕೆ ಹಾಕಬೇಕೆಂದರೆ ನೀರು ಬಸಿಯಬೇಕಿತ್ತು. ಹಗ್ಗ ಹಿಡಿದು ಗುರುತು ಹಾಕಿದ್ದು ರಜೆಗೆ ಬಂದಿದ್ದ ನಾನೇ. ಆ ಮಳೆಗಾಲ ನಮ್ಮ ಗದ್ದೆ ಚೆನ್ನಾಗಿ ಬಸಿಯಿತು. ಕೆಳಗಿನವರ ಗದ್ದೆಯ ಅಂಚು ಒಡೆದು, ನಾಟಿಯ ಮೇಲೆ ಮರಳು ಕೂತಿತು. ಅವರು ಜಗಳಕ್ಕೆ ಬರಲಿಲ್ಲ. 'ನೀರು ಕೆಳಕ್ಕೆ ತಾನೆ ಬರೋದು' ಎಂದಷ್ಟೇ ಹೇಳಿ, ಕಾಫಿ ಕುಡಿದು ಹೋದರು.

ಆ ಮಾತು ನನ್ನನ್ನು ಹಗುರ ಮಾಡಬೇಕಿತ್ತು. ಮಾಡಲಿಲ್ಲ. 1882ರ ಈಸ್‌ಮೆಂಟ್ ಕಾಯ್ದೆಯೂ ಹೆಚ್ಚುಕಡಿಮೆ ಅದನ್ನೇ ಹೇಳುತ್ತದೆ: ಮೇಲಿನ ಜಮೀನಿನ ನೀರು ಸಹಜವಾಗಿ ಹರಿದು ಬಂದರೆ ಕೆಳಗಿನವರು ಬಿಟ್ಟುಕೊಳ್ಳಬೇಕು. ತೊಡಕಿರುವುದು 'ಸಹಜವಾಗಿ' ಎಂಬಲ್ಲಿ. ಭತ್ತದ ಗದ್ದೆ ನೀರನ್ನು ಮಡಿಮಡಿಯಲ್ಲೂ ತಡೆದು, ಕಂಡಿಯಿಂದ ಕಂಡಿಗೆ ನಿಧಾನ ಇಳಿಸುತ್ತಿತ್ತು. ನಮ್ಮ ಚರಂಡಿ ಅದೇ ನೀರನ್ನು ಒಂದು ಮಧ್ಯಾಹ್ನದಲ್ಲಿ ಇಳಿಸಿಬಿಟ್ಟಿತು. ನನ್ನ ಬೇಲಿ ದಾಟಿದ ಮೇಲೆ ಆ ನೀರು ಯಾರದ್ದು?

ಇದೇ ಗುಂಗಿನಲ್ಲಿದ್ದಾಗ, ಪ್ರಬಂಧಕ್ಕೆ ಸಂಬಂಧವೇ ಇಲ್ಲದ ಓದಿನಲ್ಲಿ (ಪಿಎಚ್.ಡಿ. ಮಾಡುವವರಿಗೆ ಈ ಓದು ಗೊತ್ತು) ಡಚ್ಚರ ಗಾಳಿಯಂತ್ರಗಳು ಸಿಕ್ಕವು. ಅವಿರುವುದು ಹಿಟ್ಟು ಬೀಸಲಿಕ್ಕೆಂದೇ ತಿಳಿದಿದ್ದೆ. ರಾಟರ್‌ಡ್ಯಾಮ್ ಬಳಿಯ ಕಿಂಡರ್‌ಡೈಕ್‌ನಲ್ಲಿ 19 ಯಂತ್ರಗಳಿವೆ, ಹೆಚ್ಚಿನವು 1738 ಮತ್ತು 1740ರವು. ಅವು ಇರುವುದು ನೀರೆತ್ತಲಿಕ್ಕೆ. ನಮಗಾದರೆ ಗುದ್ದಲಿ ಸಾಕು, ಅಲ್ಲಿ ಹೊಲವೇ ನದಿಗಿಂತ ತಗ್ಗು. ರೆಕ್ಕೆ ತಿರುಗಿದರೆ ಮರದ ಹಲ್ಲುಚಕ್ರಗಳ ಮೂಲಕ ಬುಡದ ದೊಡ್ಡ ಚಕ್ರ ತಿರುಗುತ್ತದೆ. ಅದರ ಹಲಗೆಗಳು ಕಾಲುವೆಯ ನೀರನ್ನು ಸುಮಾರು ಒಂದೂವರೆ ಮೀಟರ್ ಮೇಲಕ್ಕೆ ತಳ್ಳುತ್ತವೆ. ಹಿಂದಕ್ಕೆ ಬರದಂತೆ ಒಂದೇ ಕಡೆಗೆ ತೆರೆಯುವ ಬಾಗಿಲು. ಗಾಳಿ ದಿಕ್ಕು ಬದಲಿಸಿದರೆ ಯಂತ್ರದ ತಲೆಯನ್ನೇ ಹೊರಳಿಸಬೇಕು, ಅದಕ್ಕಾಗಿ ನೋಡಿಕೊಳ್ಳುವವನು ಸಂಸಾರ ಸಮೇತ ಒಳಗೇ ವಾಸ. ಎತ್ತಿದ ನೀರು ನೇರ ನದಿಗೆ ಹೋಗುವುದಿಲ್ಲ. ಏರಿ ಕಟ್ಟಿದ ಕೊಳದಲ್ಲಿ ನಿಂತು, ಲೆಕ್ ನದಿ ತಗ್ಗುವವರೆಗೆ ಕಾಯುತ್ತದೆ.

ನನ್ನನ್ನು ಹಿಡಿದು ನಿಲ್ಲಿಸಿದ್ದು ಚಕ್ರವಲ್ಲ, ಈ ಕೊಳ. ಹಾಲೆಂಡಿನ ಹಲವೆಡೆ ಇಂಥ ಕೊಳಕ್ಕೊಂದು ಮಟ್ಟ ಗೊತ್ತುಮಾಡಿದ್ದರು. ನೀರು ಅಲ್ಲಿಗೆ ಮುಟ್ಟಿತೋ, ಸುತ್ತಲಿನ ಯಂತ್ರಗಳೆಲ್ಲ ನಿಲ್ಲಬೇಕು. ಒಂದು ಯಂತ್ರದ ಮೇಲೆ ಹಗಲು ಬಾವುಟ, ರಾತ್ರಿ ದೀಪ; ಅದನ್ನು ಕಂಡು ಉಳಿದವರು ರೆಕ್ಕೆ ನಿಲ್ಲಿಸುತ್ತಿದ್ದರು. ಒಳ್ಳೇ ಗಾಳಿ ಬೀಸುತ್ತಿದೆ, ತನ್ನ ಹೊಲ ಮುಳುಗುತ್ತಿದೆ, ಆದರೂ ಒಬ್ಬ ಕೈಕಟ್ಟಿ ಕೂರುತ್ತಾನೆ. ಇದನ್ನು ನೋಡಿಕೊಳ್ಳುವ ನೀರಿನ ಮಂಡಳಿಗಳು ಯಂತ್ರಗಳಿಗಿಂತ ಹಳೆಯವು. ಕಿಂಡರ್‌ಡೈಕ್ ಸೀಮೆಯಲ್ಲಿ ಅಂಥ ಮಂಡಳಿ 1277ರಲ್ಲೇ ಇತ್ತು.

ಅವರನ್ನು ಸಂತರೆಂದುಕೊಳ್ಳಬೇಕಿಲ್ಲ. ಬಸಿದ ಜವುಗು ಮಣ್ಣು ಒಣಗಿ ಕುಸಿಯಿತು, ಕುಸಿದಷ್ಟೂ ಇನ್ನಷ್ಟು ಎತ್ತಬೇಕಾಯಿತು. ಗಾಳಿ ಹೋಗಿ ಉಗಿ, ಡೀಸೆಲ್, ವಿದ್ಯುತ್ ಬಂದರೂ ಆ ಕೆಲಸ ಮುಗಿದಿಲ್ಲ. ಅಲ್ಲದೆ, ಏರಿ ಒಡೆದರೆ ಎಲ್ಲರೂ ಮುಳುಗುತ್ತಾರೆ, ಎತ್ತಿದವನೂ. ಅಲ್ಲಿ ಭಯವೇ ಅರ್ಧ ನೀತಿ. ಬೆಟ್ಟದಲ್ಲಿ ಆ ಅನುಕೂಲವಿಲ್ಲ. ಕೆಳಗಿನವರ ನೀರು ಎಂದೂ ನನ್ನ ಅಂಗಳಕ್ಕೆ ಏರಿ ಬರುವುದಿಲ್ಲ. ಹಾಗಾದರೆ ನಾನು ಯಾತಕ್ಕೆ ನಿಲ್ಲಿಸಬೇಕು?

2019ರ ಆಗಸ್ಟಿನಲ್ಲಿ ನಮ್ಮ ತಾಲ್ಲೂಕಿನ ಮಲೆಮನೆ, ಮಧುಗುಂಡಿಗಳ ಮೇಲೆ ಗುಡ್ಡವೇ ಜಾರಿ ಬಂದಾಗ ಒಂದು ವಿಷಯ ಹೊಳೆದಿತ್ತು, ಮರೆತಿದ್ದೆ: ಇಲ್ಲಿ ಪೂರ್ತಿ ಮೇಲಿರುವವರು ಯಾರೂ ಇಲ್ಲ. ಆದರೆ ಇದೂ ಭಯದ ಉತ್ತರವೇ. ಆ ಮನುಷ್ಯ ಕಾಫಿ ಕುಡಿದು ಲೋಟ ಕೆಳಗಿಟ್ಟದ್ದು ಇದಕ್ಕಿಂತ ಹೆಚ್ಚು ಚುಚ್ಚುತ್ತದೆ.

ಈ ಬೇಸಿಗೆಯಲ್ಲಿ ಚರಂಡಿಗೆ ಮೂರು ಕಡೆ ಕಲ್ಲಿನ ಅಡ್ಡಕಟ್ಟೆ ಹಾಕೋಣವೆಂದೆ. 'ಮೇಲಿನ ತೋಟದವರು ನಮಗೆ ಹಾಕಿದ್ದಾರಾ?' ಎಂದರು ಅಪ್ಪ. ಹಾಕಿಲ್ಲ. ಕೊನೆಗೆ ಒಂದಕ್ಕೆ ಒಪ್ಪಿದರು. ಆರಿದ್ರಾ ಮಳೆಗೆ ಅದರ ಹಿಂದೆ ಮೊಣಕಾಲುದ್ದ ನೀರು ನಿಂತಿದೆ. ಹತ್ತು ಅಡಿಕೆ ಸಸಿ ಹಳದಿಯಾಗಿವೆ. ಅಪ್ಪ ದಿನಾ ಎಣಿಸುತ್ತಾರೆ.